ಕಿಟಕಿ ಪಕ್ಕದ ಕುರ್ಚಿಯ ದಾವೆ

ನಮ್ಮ ಕ್ಷೌರದ ಅಂಗಡಿಯಲ್ಲಿ ಎರಡು ಕುರ್ಚಿ. ಒಂದು ಬೀದಿಯ ಕಿಟಕಿ ಪಕ್ಕ, ಇನ್ನೊಂದು ಒಳಗೆ, ಕೈ ತೊಳೆಯುವ ಬೇಸಿನ್ನಿನ ಮಗ್ಗುಲಿಗೆ. ಕಿಟಕಿ ಪಕ್ಕದ್ದು ತಮ್ಮನದು. ಒಳಗಿನದು ನನ್ನದು. ಹಿರಿಯ ಮಗ ನಾನು. ಇಷ್ಟು ಹೇಳಿದ ಮೇಲೆ ಒಡಹುಟ್ಟಿದವನ ಮೇಲೆ ಕೋರ್ಟಿಗೆ ಯಾಕೆ ಹೋದೆ ಎಂದು ಯಾರೂ ಕೇಳಬಾರದು. ಕೇಳುವವರು ಒಂದು ದಿನ ಬಂದು ಆ ಬೇಸಿನ್ನಿನ ಪಕ್ಕ ನಿಂತು ನೋಡಲಿ.

ಕಿಟಕಿಯಿಂದ ಬೆಳಕು ಓರೆಯಾಗಿ ಬೀಳುತ್ತದೆ. ಒಂದೊಂದು ಕೂದಲೂ ಬೇರೆಬೇರೆ ಕಾಣುತ್ತದೆ, ಕತ್ತರಿ ತಾನೇ ದಾರಿ ಹಿಡಿಯುತ್ತದೆ. ನನ್ನ ಕಡೆ ಒಂದು ಟ್ಯೂಬ್‌ಲೈಟ್, ಸದಾ ಗುಂಯ್ ಅನ್ನುತ್ತಿರುತ್ತದೆ. ಕನ್ನಡಿಯ ಬಲಮೂಲೆಯಲ್ಲಿ ಪಾದರಸ ಕಿತ್ತುಹೋಗಿ ಅಂಗೈಯಗಲ ಕಪ್ಪು ಕಲೆ. ಕೂತವನಿಗೆ ತನ್ನ ಹಣೆಯ ಮೇಲೇ ಮಸಿ ಬಿದ್ದ ಹಾಗೆ ಕಾಣುತ್ತದೆ. ಅದನ್ನು ತಪ್ಪಿಸಲು ತಲೆ ಆ ಕಡೆ ಈ ಕಡೆ ವಾಲಿಸುತ್ತಾನೆ. ನಾನು ತಲೆ ಹಿಡಿದು ನೆಟ್ಟಗೆ ಮಾಡುತ್ತೇನೆ. ಅದಕ್ಕೆ ಊರಲ್ಲಿ ನನಗೆ ಸಿಡುಕಪ್ಪ ಎಂದು ಹೆಸರು. ಕಲೆ ಕನ್ನಡಿಗೆ, ಹೆಸರು ನನಗೆ.

ಮೊದಲು ಕಿಟಕಿ ಪಕ್ಕ ಅಪ್ಪ ನಿಲ್ಲುತ್ತಿದ್ದ. ಅವನ ಕೈ ನಡುಗಲು ಶುರುವಾದಾಗ ಇಬ್ಬರನ್ನೂ ಕರೆದು, ಗಿರಾಕಿಯೊಬ್ಬ ಮುಖಕ್ಕೆ ನೊರೆ ಹಚ್ಚಿಸಿಕೊಂಡು ಕೂತಿರುವಾಗಲೇ ತೀರ್ಪು ಕೊಟ್ಟ.

"ಇನ್ಮೇಲೆ ಕಿಟಕಿ ಹತ್ರ ಸಣ್ಣೋನು ನಿಲ್ಲಲಿ. ರಸ್ತೇಲಿ ಹೋಗೋರಿಗೆ ನಗೋ ಮುಖ ಕಾಣ್ಬೇಕು."

"ನನ್ ಮುಖಕ್ಕೇನಾಗಿದೆ?" ಅಂದೆ.

"ನಿನ್ ಮುಖ ನೋಡಿದ್ರೆ ಬಂದೋರು ಗಡ್ಡ ಬಿಟ್ಕೊಂಡೇ ವಾಪಸ್ ಹೋಗ್ತಾರೆ ಕಣೋ."

ತಮ್ಮ ನಕ್ಕ. ಅಪ್ಪನೂ ನಕ್ಕ. ಕುರ್ಚಿಯಲ್ಲಿ ಕೂತವನು ನಕ್ಕ ರಭಸಕ್ಕೆ ಅವನ ಬಾಯಿಯ ನೊರೆ ಹಾರಿ ನನ್ನ ಅಂಗಿಯ ಮೇಲೆ ಬಿತ್ತು. ಅಪ್ಪ ಹೋಗಿ ಎಷ್ಟೋ ಕಾಲವಾಯಿತು. ಆ ನಗೆಚಾಟಿಕೆ ಮಾತ್ರ ಕಾಯ್ದೆಯ ಹಾಗೆ ಉಳಿದುಕೊಂಡಿತು.

ಕೈಕೆಲಸದ ಮಾತಿಗೆ ಬಂದರೆ ನನ್ನದೇ ಒಂದು ಗುಲಗಂಜಿ ಮೇಲು. ಇದು ಜಂಬವಲ್ಲ. ತಮ್ಮ ಮಾತಾಡುತ್ತಾ ಕತ್ತರಿಸುತ್ತಾನೆ, ಕಿವಿಯ ಹಿಂದೆ ನಾಲ್ಕು ಕೂದಲು ಬಿಟ್ಟೇ ಬಿಡುತ್ತಾನೆ. ನಾನು ಕಿವಿಯ ಹಿಂದಿನ ಗೆರೆಯನ್ನು ಬಾಗಿಸಿ ತಂದು ಕತ್ತಿನ ಕೂದಲಲ್ಲಿ ಕರಗಿಸುತ್ತೇನೆ, ಎಲ್ಲಿ ಶುರು ಎಲ್ಲಿ ಕೊನೆ ಗೊತ್ತಾಗುವುದಿಲ್ಲ. ಅಪ್ಪನ ಕೈಯಿಂದ ಅದು ನನಗೆ ಮಾತ್ರ ಇಳಿದು ಬಂದದ್ದು. ಆದರೆ ಕುರ್ಚಿಯಲ್ಲಿ ಕೂತವನು ತನ್ನ ತಲೆಯನ್ನೆಲ್ಲಿ ನೋಡುತ್ತಾನೆ? ಕನ್ನಡಿಯಲ್ಲಿ ತಮ್ಮನ ಮುಖ ನೋಡುತ್ತಾನೆ. ಗಿರಾಕಿಯ ಮಗಳ ಮಾರ್ಕ್ಸು, ಅತ್ತೆಯ ಮಂಡಿನೋವು, ನಾಯಿ ಮರಿ ಹಾಕಿದ್ದು, ಎಲ್ಲ ಈ ತಮ್ಮನಿಗೆ ನೆನಪಿರುತ್ತದೆ. ಗಿರಾಕಿ ಏಳುವಾಗ "ಆಹಾ" ಎನ್ನುತ್ತಾನೆ. ಕಿವಿಯ ಹಿಂದೆ ನಾಲ್ಕು ಕೂದಲು ಆಡುತ್ತಲೇ ಇರುತ್ತವೆ.

ಹೊಟ್ಟೆ ಉರಿಯುವುದು ಇದಕ್ಕಲ್ಲ. ಕಾಯುವ ಬೆಂಚಿಗೆ. ತಮ್ಮನ ಕುರ್ಚಿಯಲ್ಲಿ ಒಬ್ಬ, ಬೆಂಚಿನ ಮೇಲೆ ಸಾಲಾಗಿ ಗಿರಾಕಿಗಳು, ನನ್ನ ಕುರ್ಚಿ ಖಾಲಿ. ಟವೆಲ್ಲಿನಿಂದ ಕುರ್ಚಿ ಒರೆಸಿ "ಬನ್ನಿ" ಎಂದರೆ, "ಇರ್ಲಿ ದೊಡ್ಡೋರೆ, ಪೇಪರ್ ಓದ್ತಿದ್ದೀನಿ" ಎನ್ನುತ್ತಾರೆ. ಅದು ಹಿಂದಿನ ವಾರದ ಪೇಪರು. ಅವರಿಗೂ ಗೊತ್ತು, ನನಗೂ ಗೊತ್ತು. ಆಗ ನಾನು ಒರೆಸಿದ ಕುರ್ಚಿಯನ್ನೇ ಇನ್ನೊಮ್ಮೆ ಒರೆಸುತ್ತೇನೆ.

ಹಾಗೆ ಒರೆಸುತ್ತಾ ಒರೆಸುತ್ತಾ ಒಂದು ದಿನ ಟವೆಲ್ ಬಿಸಾಕಿ ವಕೀಲರ ಹತ್ತಿರ ಹೋದೆ. ಅಂಗಡಿ ಅಪ್ಪನದು, ಇಬ್ಬರಿಗೂ ಸಮಪಾಲು. ನಡುವೆ ಗೋಡೆ ಎಬ್ಬಿಸಿ ಭಾಗ ಮಾಡಿಕೊಡಲಿ, ಹಿರಿಯನಾದ ನನಗೆ ಕಿಟಕಿಯ ಭಾಗ ಬರಲಿ. ಇಷ್ಟೇ ನನ್ನ ದಾವೆ. ಮನೆಯವಳು ಕೇಳಿ ಒಂದೇ ಮಾತು ಅಂದಳು.

"ಕಿಟಕಿ ಗೆದ್ಕೊಂಡು ಬರ್ತೀರಿ ಸರಿ. ಅಲ್ಲಿ ನಿಂತು ನಗೋಕೆ ಯಾರನ್ನ ಇಡ್ತೀರಿ?"

ಅವತ್ತು ನಾನು ಊಟ ಬಿಟ್ಟು ಎದ್ದೆ. ಅವಳು ತಟ್ಟೆ ತೆಗೆದಿಟ್ಟಳೇ ಹೊರತು ಕರೆಯಲಿಲ್ಲ.

ಕೇಸು ನಡೆಯಿತು. ಏನು ನಡೆಯಿತು, ತೆವಳಿತು. ವಾಯಿದೆಯ ಮೇಲೆ ವಾಯಿದೆ. ಪ್ರತಿ ವಾಯಿದೆಗೂ ಅಂಗಡಿಗೆ ಬೀಗ ಹಾಕಿ ವಾದಿ ಪ್ರತಿವಾದಿ ಇಬ್ಬರೂ ಒಂದೇ ಬಸ್ಸಿನಲ್ಲಿ ಹೋಗುತ್ತಿದ್ದೆವು. ತಮ್ಮ ಮೊದಲೇ ಹತ್ತಿ ಕರ್ಚೀಫು ಹಾಕಿ ನನಗೆ ಸೀಟು ಹಿಡಿದಿರುತ್ತಿದ್ದ. ಅದೂ ಕಿಟಕಿಯ ಸೀಟು. ಬಸ್ಸಿನ ಕಿಟಕಿ ಕೊಟ್ಟರೆ ಅಂಗಡಿಯದನ್ನು ಮರೆತುಬಿಡುತ್ತೇನೆ ಅಂದುಕೊಂಡಿದ್ದನೋ ಏನೋ. ನಾನು ಬೇಕೆಂದೇ ನಿಂತುಕೊಂಡು ಹೋಗುತ್ತಿದ್ದೆ.

ಕೋರ್ಟಿನ ಪಡಸಾಲೆಯಲ್ಲಿ ಕಲ್ಲಿನ ಬೆಂಚುಗಳು. ಕೇಸು ಬಂದಾಗ ಜವಾನ ಬಾಗಿಲಿಗೆ ಬಂದು ಹೆಸರನ್ನು ಮೂರು ಸಲ ಕೂಗುತ್ತಾನೆ. ಓಗೊಟ್ಟು ಒಳಗೆ ಹೋಗಬೇಕು. ದಾವೆ ಹಾಕಿದವನೂ ಇಲ್ಲ, ಅವನ ವಕೀಲನೂ ಇಲ್ಲ ಎಂದಾದರೆ ನ್ಯಾಯಾಧೀಶರು ವಜಾ ಎಂದು ಬರೆದು ಕಡತ ಕಟ್ಟಿಡಬಹುದು. ನ್ಯಾಯ ಯಾರ ಕಡೆ ಇದೆ ಎಂದು ನೋಡುವ ಗೋಜೇ ಇಲ್ಲ. ನಾನು ಒಂದು ಕೂಗಿಗೇ ಎದ್ದು ನಿಲ್ಲುತ್ತಿದ್ದೆ.

ಆದರೆ ಕೂಗಿಗೆ ಕಾಯುವ ಆ ಹೊತ್ತಿನಲ್ಲಿ ತಮ್ಮ ಸುಮ್ಮನೆ ಕೂತಾನೆಯೇ? ಜವಾನನ ಸೊಂಟನೋವು ವಿಚಾರಿಸಿದ. ಟೈಪಿಸ್ಟ್ ಅಮ್ಮನ ಗಂಡನ ಬೋಳುತಲೆಗೆ ಎಣ್ಣೆ ಹೇಳಿದ. ಗುಮಾಸ್ತನಿಗೆ "ನಿಮ್ ಮುಖಕ್ಕೆ ಮೀಸೆ ಸ್ವಲ್ಪ ಇಳಿಸಬೇಕು ಸಾರ್" ಅಂದ. ಮುಂದಿನ ವಾರ ಗುಮಾಸ್ತ ಮೀಸೆ ಇಳಿಸಿಕೊಳ್ಳಲು ನಮ್ಮ ಅಂಗಡಿಗೇ ಬಂದ, ಕಿಟಕಿ ಪಕ್ಕ ಕೂತ. ಆಮೇಲೆ ಜವಾನ ಬಂದ. ಟೈಪಿಸ್ಟ್ ಅಮ್ಮನ ಗಂಡ ಬಂದ. ಕೇಸು ಹಾಕಿದವನು ನಾನು, ಅದರಿಂದ ಗಿರಾಕಿ ಹೆಚ್ಚಿದ್ದು ಅವನಿಗೆ! ಕೊನೆಗೆ ಒಂದು ದಿನ ತಲೆಯೆತ್ತಿ ನೋಡುತ್ತೇನೆ, ಬೆಂಚಿನ ಮೇಲೆ ಹಿಂದಿನ ವಾರದ ಪೇಪರ್ ಹಿಡಿದು ನನ್ನದೇ ವಕೀಲರು ಕೂತಿದ್ದಾರೆ.

ಹೊರಗೆ ಕರೆದು, "ಏನ್ ಸಾರ್ ಇದು? ಎದುರಾಳಿ ಕೈಗೆ ಕತ್ತು ಕೊಡ್ತೀರಲ್ಲ?" ಅಂದೆ.

"ಅಯ್ಯೋ, ಒಳಗಿನ ವಿಷಯ ತಿಳ್ಕೊಳ್ಳೋಕೆ ಕಣ್ರೀ," ಅಂದರು ಕಣ್ಣು ಮಿಟುಕಿಸಿ. "ಮಾತಲ್ಲಿ ಮಾತು ಎಳೀತೀನಿ."

"ಏನ್ ಎಳೆದ್ರಿ?"

"ಇವತ್ತು ನಮ್ಮತ್ತೆ ಮಂಡಿ ವಿಷಯಾನೇ ಬಂತು. ನೋಡೋಣ, ಮುಂದಿನ ಸಲ."

ನನ್ನ ಹಲ್ಲು ಕಟಕಟ ಅಂದಿತು.

ಹೀಗಿರುವಾಗ ಹೊಸ ನ್ಯಾಯಾಧೀಶರು ಬಂದರು. ಬಂದವರೇ ನಮ್ಮ ಕಡತದ ದಪ್ಪ ನೋಡಿ, "ವಾದಿಯ ಸಾಕ್ಷಿಗೆ ಇದು ಕೊನೇ ಅವಕಾಶ. ಮುಂದಿನ ವಾಯಿದೆಗೆ ತಯಾರಾಗಿ ಬರದಿದ್ದರೆ ನಾನು ಕಾಯುವುದಿಲ್ಲ" ಎಂದು ಮುಖಕ್ಕೆ ಹೇಳಿಬಿಟ್ಟರು. ವಕೀಲರು ಹೊರಗೆ ಬಂದು ನನ್ನ ಬೆನ್ನು ತಟ್ಟಿದರು. "ಮುಂದಿನ ಸಲ ನೀವು ಸಾಕ್ಷಿ ಹೇಳಿದ್ರೆ ಮುಗೀತು. ಅಪ್ಪನ ಕಾಲದ ಲೈಸೆನ್ಸ್ ಮಾತ್ರ ಮರೀದೆ ತನ್ನಿ. ಕಿಟಕಿ ನಿಮ್ದೇ ಅಂದ್ಕೊಳ್ಳಿ."

ಆ ದಿನ ಬೆಳಿಗ್ಗೆ ತಮ್ಮ ಮೊದಲ ಬಸ್ಸಿಗೇ ಹೋದ. ಜವಾನನಿಗೆ ಅದೇನೋ ಮುಲಾಮು ಕೊಡಬೇಕಂತೆ. ಲೈಸೆನ್ಸು ಅಂಗಡಿಯ ಡ್ರಾಯರಿನಲ್ಲಿತ್ತು, ತೆಗೆದುಕೊಳ್ಳಲು ನಾನು ಬೀಗ ತೆಗೆದೆ. ಅದನ್ನು ಜೇಬಿಗಿಟ್ಟು ಹೊರಡಬೇಕು, ಬಾಗಿಲಲ್ಲಿ ಕಾರು ನಿಂತಿತು. ವಕೀಲರು ಅವಸರದಲ್ಲಿ ಇಳಿದು ಒಳಗೆ ಇಣುಕಿದರು.

"ಸಣ್ಣೋರಿಲ್ವಾ?"

ಅವರ ಬಾಯಿಂದ ಬಂದ ಮೊದಲ ಮಾತು ಅದು. ನನ್ನ ವಕೀಲರು. ನನ್ನ ಸಾಕ್ಷಿಯ ದಿನ.

"ಕೋರ್ಟಿಗೆ ಹೋದ. ಯಾಕೆ?"

"ಮಧ್ಯಾಹ್ನ ನಮ್ಮ ವಕೀಲರ ಸಂಘದ ಗ್ರೂಪ್ ಫೋಟೋ ಇದೆ ಮಾರಾಯ್ರೆ. ನಮ್ ಕೇಸು ಪಟ್ಟೀಲಿ ಕೊನೇಗಿದೆ, ಊಟದ ಹೊತ್ತಿಗೇ ಬರೋದು. ಅಷ್ಟರಲ್ಲಿ ತಲೆ ಸ್ವಲ್ಪ ನೀಟು ಮಾಡಿಸ್ಕೊಳ್ಳೋಣ ಅಂತಿದ್ದೆ. ಇರ್ಲಿ ಬಿಡಿ, ನಾಳೆ..."

"ಫೋಟೋ ಇವತ್ತು, ತಲೆ ನಾಳೇನಾ? ನಾನಿದ್ದೀನಲ್ಲ."

ಅವರು ಬೇಸಿನ್ ಪಕ್ಕದ ಕುರ್ಚಿ ನೋಡಿದರು, ಕನ್ನಡಿಯ ಕಲೆ ನೋಡಿದರು, ನನ್ನ ಮುಖ ನೋಡಿದರು. ಮೂರರಲ್ಲಿ ಯಾವುದು ಅವರನ್ನು ಹಿಂದಕ್ಕೆ ಎಳೆಯಿತೋ, ಕಾಲು ಬಾಗಿಲ ಕಡೆ ತಿರುಗಿತು. ನಾನು ಭುಜ ಹಿಡಿದು ತಂದು ಕಿಟಕಿ ಪಕ್ಕ ಕೂರಿಸಿದೆ. ಕೋಟು ಕಳಚಿ ಗೂಟಕ್ಕೆ ಹಾಕಿದೆ. ಬಿಳಿ ಬಟ್ಟೆಯನ್ನು ಝಾಡಿಸಿ ಕತ್ತಿಗೆ ಕಟ್ಟಿದೆ. ಸಿಕ್ಕಿಬಿದ್ದರು.

ಆ ಬೆಳಕಿನಲ್ಲಿ ನಾನು ಹಿಂದೆಂದೂ ಕತ್ತರಿ ಹಿಡಿದಿರಲಿಲ್ಲ. ವಕೀಲರದು ಒರಟು ಕೂದಲು, ನೆತ್ತಿಯಲ್ಲಿ ಎರಡು ಸುಳಿ, ಒಂದು ಇತ್ತ ತಿರುಗಿದರೆ ಇನ್ನೊಂದು ಅತ್ತ. ತಮ್ಮ ಇಷ್ಟು ದಿನ ಅದಕ್ಕೆ ಎಣ್ಣೆ ಮೆತ್ತಿ ಒತ್ತಿ ಕಳಿಸುತ್ತಿದ್ದ. ಮನೆ ಮುಟ್ಟುವಷ್ಟರಲ್ಲಿ ಅದು ಎದ್ದು ನಿಂತಿರುತ್ತಿತ್ತು. ನಾನು ಒತ್ತಲಿಲ್ಲ. ಸುಳಿ ಯಾವ ಕಡೆ ಹೋಗುತ್ತದೋ ಆ ಕಡೆಗೇ ಬಿಟ್ಟು, ಸುತ್ತಲಿನದನ್ನು ಅದಕ್ಕೆ ತಕ್ಕಂತೆ ಇಳಿಸುತ್ತಾ ಬಂದೆ. ಎಡಗಡೆಯಿಂದ ಶುರು ಮಾಡಿದೆ. ನೀರು ಚಿಮುಕಿಸಿ, ಬಾಚಿ, ಎತ್ತಿ, ಒಂದೊಂದೇ ಎಳೆ. ಕಿವಿಯ ಹಿಂದಿನ ಗೆರೆ ಕತ್ತಿಗೆ ಇಳಿದ ಪರಿ ನೋಡಿ ನನಗೇ ಅಪ್ಪ ನೆನಪಾದ. ಎದುರು ಸಾಲಿನ ದರ್ಜಿ ಮಿಷನ್ನು ನಿಲ್ಲಿಸಿ ನನ್ನತ್ತ ಕೈ ಎತ್ತಿದ. ಹಾಲಿನವಳು ಸೈಕಲ್ ನಿಧಾನ ಮಾಡಿ ಒಳಗೆ ನೋಡಿಕೊಂಡು ಹೋದಳು. ಇಷ್ಟು ಕಾಲ ಇದೆಲ್ಲ ಅವನ ಪಾಲಿಗೆ ಬರುತ್ತಿತ್ತು! ದಿನಾ ಬೆಳಿಗ್ಗೆ, ಕೇಳದೆಯೇ, ಪುಕ್ಕಟೆ!

ವಕೀಲರು ನಿದ್ದೆ ಹೋಗಿದ್ದರು. ನನ್ನ ಕುರ್ಚಿಯಲ್ಲಿ ಯಾರೂ ಯಾವತ್ತೂ ನಿದ್ದೆ ಮಾಡಿದ್ದಿಲ್ಲ.

ಎಡಗಡೆ ಮುಗಿದು ಬಲಗಡೆಗೆ ಹೊರಳುವಾಗ ಗೂಟದಲ್ಲಿದ್ದ ಕೋಟಿನೊಳಗೆ ಫೋನು ಗುರ್ರ್ ಅಂದಿತು. ಕೈ ತಡೆಯಿತು. ಕೋರ್ಟಿನ ಕರೆಯೇ ಇರಬೇಕು. ಕನ್ನಡಿ ನೋಡಿದೆ. ಅರ್ಧ ತಲೆ ಚಿತ್ರ ಬರೆದ ಹಾಗೆ, ಇನ್ನರ್ಧ ಪೊದೆ. ಈಗ ಎಬ್ಬಿಸಿದರೆ ಏನಾಗುತ್ತದೆ? ಕತ್ತಿನ ಬಟ್ಟೆ ಕಿತ್ತು ಓಡುತ್ತಾರೆ. ಕೋರ್ಟಿನ ಬೆಂಚಿನಲ್ಲಿ ತಮ್ಮ ಇದ್ದಾನೆ, ಅವನ ಅಂಗಿಯ ಜೇಬಿನಲ್ಲಿ ಸದಾ ಒಂದು ಸಣ್ಣ ಕತ್ತರಿ. "ಬನ್ನಿ ಸಾರ್, ಅಲ್ಲೇ ಮರದ ಕೆಳಗೆ ಸರಿಮಾಡ್ತೀನಿ" ಎನ್ನುತ್ತಾನೆ. ಬಲಗಡೆ ಅವನು ಮಾಡುತ್ತಾನೆ. ಫೋಟೋದಲ್ಲಿ ಇಡೀ ತಲೆ ಅವನದಾಗುತ್ತದೆ.

ಫೋನು ಬಡಕೊಂಡು ಸುಮ್ಮನಾಯಿತು. ಮತ್ತೆ ಬಡಕೊಂಡಿತು. ನಾನು ಕೋಟಿನ ಮೇಲೆ ಒಂದು ದಪ್ಪ ಟವೆಲ್ ಹಾಕಿ ಬಂದು ಬಲಗಡೆಯ ಕೂದಲಿಗೆ ನೀರು ಚಿಮುಕಿಸಿದೆ.

ಮುಗಿದ ಮೇಲೆ ಅವರನ್ನು ಎಬ್ಬಿಸಿ ಹಿಂದೆ ಕೈಗನ್ನಡಿ ಹಿಡಿದೆ. ವಕೀಲರು ಕಣ್ಣುಜ್ಜಿಕೊಂಡರು. ತಲೆಯನ್ನು ಆ ಕಡೆ ತಿರುಗಿಸಿದರು, ಈ ಕಡೆ ತಿರುಗಿಸಿದರು. ನೆತ್ತಿ ಮುಟ್ಟಿ ನೋಡಿಕೊಂಡರು.

"ಸುಳಿ ಎಲ್ಲಿ ಹೋಯ್ತು?"

"ಅಲ್ಲೇ ಇದೆ."

"ರೀ... ನೀವು ಇಷ್ಟು ದಿನ..." ಎಂದವರು ಕೋಟು ತೊಡಲು ಎದ್ದು, ಫೋನು ತೆಗೆದು ನೋಡಿದರು. ಮುಖದ ರಕ್ತ ಇಳಿಯಿತು. "ಸತ್ತೆವು ಕಣ್ರೀ! ನಮ್ ಆಫೀಸಿನ ಗುಮಾಸ್ತ ಎಷ್ಟು ಸಲ ಫೋನ್ ಮಾಡಿದ್ದಾನೆ ನೋಡಿ! ಹಳೇ ಕೇಸುಗಳನ್ನೇ ಮೊದಲು ತಗೊಂಡಿದ್ದಾರಂತೆ!"

ಕಾರು ಹೋದದ್ದು ರಸ್ತೆಯ ಮೇಲೋ ಗಾಳಿಯಲ್ಲೋ ನನಗೆ ತಿಳಿಯದು. ಪಡಸಾಲೆ ಮುಟ್ಟಿದಾಗ ತಮ್ಮ ಎದುರೇ ಓಡಿ ಬಂದ, ಅಂಗಿ ಬೆವರಿಗೆ ಒದ್ದೆ.

"ಎಲ್ಲಿಗ್ ಹೋಗಿದ್ದೆ ಅಣ್ಣಾ? ಮೂರು ಸಲ ಕೂಗಿದ್ರು. ನಾನೂ ಗೇಟಿನವರೆಗೆ ಓಡಿ ನಿನ್ ಹೆಸರು ಕೂಗ್ದೆ. ಬಸ್ ಸ್ಟಾಪಿಗೂ ಹೋಗಿ ನೋಡ್ದೆ. ಬರ್ತಾನೆ ಸ್ವಾಮಿ, ಸ್ವಲ್ಪ ತಡೀರಿ ಅಂತ ಕೇಳ್ಕೊಂಡೆ. ಇನ್ನೊಂದು ಕೇಸ್ ಮುಗಿಸಿ ಮತ್ತೆ ಕೂಗಿಸಿದ್ರು. ಆಮೇಲೆ ವಜಾ ಅಂತ ಬರೆದುಬಿಟ್ರು ಕಣೋ."

ನನ್ನ ಮೇಲೆ ಗೆದ್ದವನು, ಅಳುಮುಖ ಮಾಡಿ ನಿಂತಿದ್ದ. ಅದಕ್ಕೂ ಕೋರ್ಟಿನವರೆಲ್ಲ ಅಯ್ಯೋ ಪಾಪ ಎಂದು ಅವನನ್ನೇ ನೋಡುತ್ತಿದ್ದರು. ಸೋತವನು ಇಲ್ಲೊಬ್ಬ ಇದ್ದೇನೆ ಎಂದು ಯಾರಿಗೂ ಕಾಣಲಿಲ್ಲ.

ಅಷ್ಟರಲ್ಲಿ ಜವಾನ ವಕೀಲರ ಸುತ್ತ ಒಂದು ಸುತ್ತು ಬಂದ. "ಸಾರ್! ಏನ್ ಸಾರ್ ಕಟಿಂಗು! ಮದುವೆ ಗಂಡಿನ ಥರ ಕಾಣ್ತಿದ್ದೀರಿ. ಸಣ್ಣೋರ ಕೈಯಾ?"

ವಕೀಲರು ಬಾಗಿಲ ಕಡೆ ನೋಡಿದರು. ಅಲ್ಲಿ ನ್ಯಾಯಾಧೀಶರ ಗುಮಾಸ್ತ ನಿಂತಿದ್ದ. ಕೇಸು ಕೂಗುವ ಹೊತ್ತಿಗೆ ಕಕ್ಷಿದಾರನ ಕೈಯಲ್ಲೇ ಕಟಿಂಗ್ ಮಾಡಿಸಿಕೊಳ್ಳುತ್ತಿದ್ದೆ ಎಂದರೆ ಅವರ ಮಾನ ಬೀದಿಗೆ ಬರುತ್ತದೆ.

"ಹೂಂ," ಅಂದರು. "ನೆನ್ನೆ ಸಂಜೆ. ಸಣ್ಣೋರೇ ಮಾಡಿದ್ದು."

ನಾನು ಪಕ್ಕದಲ್ಲೇ ನಿಂತಿದ್ದೆ. ನನ್ನ ಅಂಗಿಯ ಮೇಲೆ ಅವರ ಕೂದಲು ಇನ್ನೂ ಅಂಟಿಕೊಂಡಿತ್ತು. ದಾವೆ ವಜಾ ಆಯಿತು ಎಂದಾಗ ಇಲ್ಲದ ನೋವು ಈಗ ಎದೆಗೆ ಒದ್ದ ಹಾಗೆ ಬಂತು. ತಮ್ಮ ವಕೀಲರ ಕಿವಿಯ ಹಿಂದೆ ನೋಡಿದ. ಆ ಗೆರೆ ಯಾರದೆಂದು ಅವನಿಗೆ ಗೊತ್ತಾಗದಿರುತ್ತದೆಯೇ? ನನ್ನ ಕಡೆ ತಿರುಗಿದ.

ಆಮೇಲಿನ ದಿನಗಳನ್ನು ನೆನೆದರೆ ಈಗಲೂ ಮೈ ಪರಚಿಕೊಳ್ಳುವಂತಾಗುತ್ತದೆ. ಸಂಘದ ಗೋಡೆಗೆ ಫೋಟೋ ಏರಿತು. ಅಷ್ಟು ಜನರ ನಡುವೆ ನಮ್ಮ ವಕೀಲರ ತಲೆಯೇ ಎದ್ದು ಕಾಣುತ್ತಿತ್ತಂತೆ. ಒಬ್ಬೊಬ್ಬರೇ ಅಂಗಡಿಗೆ ಬರತೊಡಗಿದರು. "ಸಣ್ಣೋರೆ, ವಕೀಲರಿಗೆ ಮಾಡಿದ್ರಲ್ಲ, ಅದೇ ಥರ." ಎಲ್ಲರೂ ಕಿಟಕಿ ಪಕ್ಕದ ಸಾಲಿಗೆ. ನಾನು ಒರೆಸಿದ ಕುರ್ಚಿ ಒರೆಸುತ್ತಿದ್ದೆ.

ತಮ್ಮ ಸುಳ್ಳು ಹೇಳಲಿಲ್ಲ. ಅದು ಇನ್ನೂ ಕೆಟ್ಟದಾಯಿತು.

"ಅದು ನಾನ್ ಮಾಡಿದ್ದಲ್ಲ ಸಾರ್. ನಮ್ಮಣ್ಣ ಮಾಡಿದ್ದು."

ಬೆಂಚಿನವರೆಲ್ಲ ಹೋ ಎಂದರು. "ನೋಡ್ರಪ್ಪಾ ಎಂಥಾ ಮನಸ್ಸು! ತನ್ ಮೇಲೇ ಕೇಸ್ ಹಾಕಿದ ಅಣ್ಣನಿಗೂ ಹೆಸರು ಬರ್ಲಿ ಅಂತಾನೆ!"

"ನಿಜ ಸಾರ್, ಆಣೆ ಮಾಡ್ತೀನಿ..."

"ಗೊತ್ತಪ್ಪಾ ಗೊತ್ತು. ನೀನು ಹಾಗೇ."

ನಾನೇ ಮುಂದೆ ಬಂದು "ನಾನೇ ಮಾಡಿದ್ದು ಕಣ್ರೀ" ಎಂದರೆ ಮುಸಿಮುಸಿ ನಗು. ನಿಜ ಹೇಳಿದ್ದಕ್ಕೆ ಅವನು ದೇವರಂಥವನಾದ, ನಾನು ತಮ್ಮನ ಕೆಲಸ ಕದಿಯುವವನಾದೆ.

ವಾರ ಕಳೆಯುವಷ್ಟರಲ್ಲಿ ವಕೀಲರು ನನ್ನನ್ನು ಕರೆಸಿದರು. ಮೇಜಿನ ಮೇಲೆ ಟೈಪ್ ಮಾಡಿದ ಹಾಳೆ ಸಿದ್ಧವಾಗಿತ್ತು. ವಜಾ ಆದ ದಾವೆಯನ್ನು ಮತ್ತೆ ಎಬ್ಬಿಸಬಹುದಂತೆ. ಯಾಕೆ ಹಾಜರಾಗಲಿಲ್ಲ ಎನ್ನುವುದಕ್ಕೆ ತಕ್ಕ ಕಾರಣ ತೋರಿಸಿ ಪ್ರಮಾಣ ಮಾಡಬೇಕಂತೆ.

"ನಿಮಗೆ ಜ್ವರ. ನನಗೆ ದಾರೀಲಿ ಕಾರು ಕೆಟ್ಟಿತ್ತು. ನಿಮ್ಮ ತಮ್ಮ ತಕರಾರಿಲ್ಲ ಅಂತ ಆಗಲೇ ಹೇಳಿದ್ದಾನೆ. ಸಹಿ ಹಾಕಿ, ಕೇಸು ಎದ್ದು ಕೂರುತ್ತೆ."

"ನನಗೆ ಜ್ವರ ಇರ್ಲಿಲ್ಲ."

"ಗೊತ್ತು ಮಾರಾಯ್ರೆ. ಎಲ್ರೂ ಜ್ವರಾನೇ ಬರೆಯೋದು."

"ಕಟಿಂಗ್ ಮಾಡ್ತಿದ್ದೆ ಅಂತ ಬರೀರಿ."

ವಕೀಲರು ಪೆನ್ನು ಕೆಳಗಿಟ್ಟರು. "ಯಾರಿಗೆ?"

"ನಿಮಗೆ. ನಾನು. ನನ್ನ ಕೈಯಾರೆ. ನೆನ್ನೆ ಸಂಜೆ ಅಲ್ಲ, ಅವತ್ತು ಬೆಳಿಗ್ಗೆ. ಎಲ್ಲ ಬರೀರಿ."

"ತಲೆ ಕೆಟ್ಟಿದೆಯಾ? ಜ್ವರ ಅಂದ್ರೆ ಕಿಟಕಿ ಸಿಗುತ್ತೆ. ಕಟಿಂಗ್ ಅಂದ್ರೆ ಕಿಟಕೀನೂ ಹೋಗುತ್ತೆ, ನನ್ನ ಮರ್ಯಾದೆನೂ ಹೋಗುತ್ತೆ!"

"ನನ್ ಕಟಿಂಗ್ ಬೇರೆಯವರ ಹೆಸರಿಗೆ ಬರೆದಾಗ ನನ್ ಮರ್ಯಾದೆ ಎಲ್ಲಿತ್ತು?"

ಅವರು ನನ್ನ ಕಡತವನ್ನು ಮೇಜಿನ ಮೇಲೆ ಕುಕ್ಕಿ ಇನ್ನು ಮೇಲೆ ನಿಮ್ಮ ಕೇಸು ನನಗೆ ಬೇಡ ಅಂದರು. ನಾನೂ ಇನ್ನು ಮೇಲೆ ನಿಮ್ಮ ತಲೆ ನನಗೆ ಬೇಡ ಅಂದು ಎದ್ದು ಬಂದೆ.

ಮನೆಯವಳು ಕೇಳಿ ತಲೆ ಚಚ್ಚಿಕೊಂಡಳು. "ಕಿಟಕಿ ಬೇಕು ಅಂತ ತಾನೇ ಇಷ್ಟೂ ವರ್ಷ ಕುಣಿದಿದ್ದು? ಜ್ವರ ಅಂತ ಒಂದು ಮಾತು ಅಂದ್ರೆ ನಿಮ್ ಗಂಟೇನು ಹೋಗುತ್ತೆ?"

"ಆ ಕಟಿಂಗು ಹೋಗುತ್ತೆ."

"ಆ ಕೂದಲು ಈಗಾಗಲೇ ಬೆಳೆದಿರುತ್ತೆ ರೀ!"

ಅವಳು ಹೇಳಿದ್ದು ನಿಜ. ಇನ್ನೂ ಸ್ವಲ್ಪ ದಿನ ಕಳೆದರೆ ಆ ತಲೆ ಮತ್ತೆ ಪೊದೆಯಾಗುತ್ತದೆ, ತಮ್ಮ ಅದಕ್ಕೆ ಎಣ್ಣೆ ಮೆತ್ತುತ್ತಾನೆ. ಆಗ ನನ್ನದೆಂದು ತೋರಿಸಲು ಈ ಲೋಕದಲ್ಲಿ ಏನಿರುತ್ತದೆ? ಮಾರನೆಯ ದಿನವೇ ಕೋರ್ಟಿನ ಹೊರಗೆ ಮರದಡಿ ಅರ್ಜಿ ಬರೆಯುವವನ ಮುಂದೆ ಕೂತು ನಾನೇ ಹೇಳಿ ಬರೆಸಿದೆ. ಅವನು ಎರಡು ಸಲ ಬರೆಯುವುದನ್ನು ನಿಲ್ಲಿಸಿ ನನ್ನ ಮುಖ ನೋಡಿದ. "ಬರೀ" ಅಂದೆ.

ವಿಚಾರಣೆಯ ದಿನ ನ್ಯಾಯಾಧೀಶರು ಅರ್ಜಿ ಓದಿ ಕನ್ನಡಕ ತೆಗೆದರು.

"ನಿಮ್ಮ ವಕೀಲರಿಗೇ ಕಟಿಂಗ್ ಮಾಡುತ್ತಿದ್ದಿರಾ?"

"ಹೌದು ಸ್ವಾಮಿ."

ಕೋಣೆಯಲ್ಲಿ ನಗು ಎದ್ದಿತು. ಹಿಂದಿನ ಸಾಲಿನಲ್ಲಿ ನಮ್ಮ ವಕೀಲರು ಕಡತ ಎತ್ತಿ ಮುಖಕ್ಕೆ ಹಿಡಿದರು. ಮುಖ ಮುಚ್ಚಿತು, ತಲೆ ಕಾಣುತ್ತಲೇ ಇತ್ತು.

"ಫೋನ್ ಬರಲಿಲ್ಲವೇ?"

"ಬಂತು ಸ್ವಾಮಿ."

"ಮತ್ತೆ ಎಬ್ಬಿಸಲಿಲ್ಲ ಯಾಕೆ?"

"ಒಂದು ಕಡೆ ಮುಗಿದಿತ್ತು, ಇನ್ನೊಂದು ಕಡೆ ಇತ್ತು. ಅರ್ಧ ತಲೆ ಬಿಟ್ಟುಕೊಟ್ರೆ ಉಳಿದರ್ಧ ಇವನು ಮಾಡ್ತಿದ್ದ." ತಮ್ಮನ ಕಡೆ ಕೈ ತೋರಿಸಿದೆ.

ಈ ಸಲ ಜವಾನನೂ ನಕ್ಕ. ನ್ಯಾಯಾಧೀಶರು ತುಟಿ ಬಿಗಿಹಿಡಿದು ತಮ್ಮನನ್ನು ಕೇಳಿದರು. "ನಿಮ್ಮದೇನಾದರೂ ತಕರಾರು?"

"ಇಲ್ಲ ಸ್ವಾಮಿ. ಅಣ್ಣನ ಕೇಸು ಅಣ್ಣನಿಗೆ ಕೊಟ್ಬಿಡಿ."

ಇಡೀ ಕೋಣೆ ಅವನ ಕಡೆ ಕರಗಿ ಹರಿಯಿತು. ನನ್ನ ಕಿವಿ ಕಾದವು.

"ಪ್ರತಿವಾದಿ ಒಪ್ಪಿದರೆ ಸಾಲದು, ನ್ಯಾಯಾಲಯ ಒಪ್ಪಬೇಕು," ಅಂದರು ನ್ಯಾಯಾಧೀಶರು. "ಕಾಯಿಲೆ ಬಿದ್ದಿದ್ದರೆ, ದಾರಿಯಲ್ಲಿ ಸಿಕ್ಕಿಕೊಂಡಿದ್ದರೆ ಮಾತು ಬೇರೆ. ಕರೆ ಬಂದದ್ದು ತಿಳಿದೂ ಬೇಕೆಂದೇ ಬರಲಿಲ್ಲ ಎಂದು ಇವರೇ ಹೇಳುತ್ತಿದ್ದಾರೆ. ಇದು ತಕ್ಕ ಕಾರಣವಲ್ಲ." ಟೈಪಿಸ್ಟ್ ಅಮ್ಮನ ಕಡೆ ತಿರುಗಿ ಹೇಳಿ ಬರೆಸತೊಡಗಿದರು. ಅರ್ಜಿದಾರನು ಸದರಿ ದಿನ ಬೆಳಿಗ್ಗೆ ತನ್ನ ಅಂಗಡಿಯಲ್ಲಿ ತನ್ನ ವಕೀಲರ ಕೇಶವನ್ನು ಕತ್ತರಿಸುತ್ತಿದ್ದನೆಂದು...

"ಸ್ವಾಮಿ," ಅಂದೆ. ಕೋರ್ಟಿನಲ್ಲಿ ನಡುವೆ ಬಾಯಿ ಹಾಕಬಾರದು. ಬಾಯಿ ಕೇಳಲಿಲ್ಲ. "ನಾನೇ, ಸ್ವಂತ ಕೈಯಾರೆ ಅಂತ ಬಂತಾ?"

ನ್ಯಾಯಾಧೀಶರು ನನ್ನನ್ನು ನೋಡಿದರು. ಆಮೇಲೆ ಹಿಂದಿನ ಸಾಲಿನ ಆ ತಲೆಯನ್ನು ತುಸು ಹೊತ್ತೇ ನೋಡಿದರು.

"ಸ್ವಂತ ಕೈಯಾರೆ ಎಂದು ಸೇರಿಸಿಕೊಳ್ಳಿ," ಅಂದರು ಟೈಪಿಸ್ಟ್ ಅಮ್ಮನಿಗೆ. "ಅರ್ಜಿ ವಜಾ."

ಮೇಲಿನ ಕೋರ್ಟಿಗೆ ಹೋಗಬಹುದು ಎಂದು ಮರದಡಿಯವನು ಅಂದ. ನಾನು ಹೋಗಲಿಲ್ಲ. ಆದೇಶದ ನಕಲು ತೆಗೆಸಿ, ಮೊಹರು ಹಾಕಿಸಿ, ಗಾಜಿನ ಕಟ್ಟು ಹಾಕಿಸಿದೆ. ನನ್ನ ಕನ್ನಡಿಯ ಬಲಮೂಲೆಗೆ, ಆ ಕಪ್ಪು ಕಲೆಯ ಮೇಲೇ, ನೇತುಹಾಕಿದೆ. ಸರಿಯಾಗಿ ಮುಚ್ಚಿತು. ಕುರ್ಚಿ ಹತ್ತಿ ಕನ್ನಡಿಯ ಮೇಲಿನ ಗೋಡೆಗೆ ಮೊಳೆ ಹೊಡೆಯುವಾಗ ತಮ್ಮ ಬಂದು ಕುರ್ಚಿ ಅಲ್ಲಾಡದ ಹಾಗೆ ಹಿಡಿದುಕೊಂಡ. ಬೇಡ ಅಂದೆ. ಬಿಡಲಿಲ್ಲ.

ಮೊದಮೊದಲು ಅದೂ ಅವನ ಪಾಲಿಗೇ ಹೋಯಿತು. ಬಂದವರಿಗೆಲ್ಲ ಅವನು ಕತ್ತರಿ ಆಡಿಸುತ್ತಾ ಕೋರ್ಟಿನ ಕತೆ ಹೇಳುವನು. ನ್ಯಾಯಾಧೀಶರ ದನಿ ಅವನದೇ, ನನ್ನ ದನಿಯೂ ಅವನದೇ. ನನಗಿಂತ ಚೆನ್ನಾಗಿ ಅವನೇ ನಾನಾಗುತ್ತಿದ್ದ. ಬೆಂಚು ಹೊಟ್ಟೆ ಹಿಡಿದು ನಗುತ್ತಿತ್ತು. ಕಿಟಕಿಯನ್ನೂ ಕಿತ್ತುಕೊಂಡ, ಬಿದ್ದು ಹೋದ ಕೇಸನ್ನೂ ಬಿಡಲಿಲ್ಲ ಅಂದುಕೊಂಡು ಹಲ್ಲು ಕಡಿದೆ.

ಆಮೇಲೊಂದು ಬೆಳಿಗ್ಗೆ ಜವಾನ ಬಂದ. ಕಿಟಕಿ ಪಕ್ಕದ ಬೆಂಚಿನಲ್ಲಿ ಇಬ್ಬರು ಕಾಯುತ್ತಿದ್ದರು. ಅವನು ಸೊಂಟ ಹಿಡಿದುಕೊಂಡು ನೆಟ್ಟಗೆ ಒಳಗೆ ಬಂದ. ಕಟ್ಟಿನ ಮುಂದೆ ನಿಂತು ಇಡೀ ಆದೇಶ ಓದಿದ, ತುಟಿ ಅಲ್ಲಾಡಿಸುತ್ತಾ, ಮೊಹರಿನವರೆಗೆ. ಓದಿದವನೇ ನನ್ನ ಕುರ್ಚಿಯಲ್ಲಿ ಕೂತ.

"ದೊಡ್ಡೋರೆ, ಸ್ವಂತ ಕೈಯಾರೆ," ಅಂದ. "ಕೋರ್ಟು ಬರ್ಕೊಂಡಿರೋದೇ ಬೇಕು. ನಂದೂ ಎರಡು ಸುಳಿ."

ಬಟ್ಟೆ ಝಾಡಿಸಿ ಅವನ ಕತ್ತಿಗೆ ಕಟ್ಟಿದೆ. ಅಂಗಡಿಯಲ್ಲಿ ಏನೋ ಬೇರೆಯಾಗಿತ್ತು. ಕಿವಿಗೊಟ್ಟೆ. ಕಿಟಕಿ ಕಡೆಯ ಕತ್ತರಿ ನಿಂತಿತ್ತು. ಕನ್ನಡಿಯಲ್ಲಿ ನೋಡಿದೆ. ತಮ್ಮ ಗಿರಾಕಿಯ ತಲೆಯ ಮೇಲೆ ಕೈಯಿಟ್ಟು ಜವಾನನನ್ನೇ ನೋಡುತ್ತಿದ್ದ.

"ಏನಾಯ್ತು ಸಣ್ಣೋರೆ?" ಅಂತ ಅವನ ಕುರ್ಚಿಯವನು ಕೇಳಿದ.

"ಏನಿಲ್ಲ, ಏನಿಲ್ಲ," ಅಂದು ನಕ್ಕ. ಆ ನಗು ಬರುವುದು ಸ್ವಲ್ಪ ತಡವಾಯಿತು. ಅವನ ಟವೆಲ್ ಒರೆಸಿದ ಜಾಗವನ್ನೇ ಇನ್ನೊಮ್ಮೆ ಒರೆಸಿತು.

ಆ ಒರೆಸುವುದು ಏನೆಂದು ನನಗಿಂತ ಚೆನ್ನಾಗಿ ಬಲ್ಲವರು ಯಾರು?

ಜವಾನ ಗಡಿಯಾರ ನೋಡಿ, "ಕೋರ್ಟಿಗೆ ಹೊತ್ತಾಗುತ್ತೆ ದೊಡ್ಡೋರೆ, ಸ್ವಲ್ಪ ಬೇಗ ಆಗುತ್ತಾ?" ಅಂದ.

ಅವನ ತಲೆ ಹಿಡಿದು ನೆಟ್ಟಗೆ ಮಾಡಿ, ಎಡಗಡೆಗೆ ನೀರು ಚಿಮುಕಿಸಿದೆ. ನಾನು ಯಾವ ಅವಸರವನ್ನೂ ಮಾಡಲಿಲ್ಲ.